‘ಆರು ತಿಂಗಳೊಳಗೆ ಇತ್ಯರ್ಥಪಡಿಸತಕ್ಕದ್ದು’

ಮೇಲಿನ ನ್ಯಾಯಾಲಯಗಳ ಆದೇಶಗಳಲ್ಲಿ ಕೊನೆಯ ಕಂಡಿಕೆಯಾಗಿ ಆಗಾಗ ಕಾಣಿಸಿಕೊಳ್ಳುವ ಒಂದು ಮಾತಿದೆ. ಪ್ರಕರಣವು ಬಹಳ ಹಳೆಯದಾದುದರಿಂದ ಕೆಳಗಿನ ನ್ಯಾಯಾಲಯವು ಈ ಮೇಲ್ಮನವಿಯನ್ನು ಆದಷ್ಟು ಬೇಗನೆ, ಆರು ತಿಂಗಳೊಳಗಾಗಿ, ಇತ್ಯರ್ಥಪಡಿಸತಕ್ಕದ್ದು ಎಂಬುದು ಅದರ ಸಾರ. ಪತ್ರಿಕೆಯಲ್ಲಿ ಇಂಥ ಸುದ್ದಿಯನ್ನು ಓದಿದವರಿಗೆ ಒಂದು ಬಗೆಯ ಸಮಾಧಾನವಾಗುತ್ತದೆ. ಅಂತೂ ದೊಡ್ಡವರ ಕಣ್ಣಿಗೆ ಸಣ್ಣವರ ಸಂಕಟ ಬಿತ್ತಲ್ಲ ಎನ್ನಿಸುತ್ತದೆ. ಆ ಸಮಾಧಾನ ಹುಸಿಯೆಂಬುದು ನನ್ನ ವಾದ. ಬಿಡಿ ಬಿಡಿಯಾಗಿ ಹೊರಡುವ ಇಂಥ ಆದೇಶಗಳಿಂದ ಒಬ್ಬನಿಗೆ ದೊರೆಯುವ ವೇಗವು ಇನ್ನೊಬ್ಬನಿಂದ ಕಿತ್ತುಕೊಂಡದ್ದಾಗಿರುತ್ತದೆ. ರೋಗವಂತೂ ಹಾಗೆಯೇ ಉಳಿಯುತ್ತದೆ.

ನನ್ನ ಹಳೆಯ ವಿದ್ಯಾರ್ಥಿಗಳಲ್ಲಿ ಹಲವರು ಇಂದು ವಕೀಲರಾಗಿದ್ದಾರೆ. ಇಬ್ಬರು ನ್ಯಾಯಾಲಯಗಳಲ್ಲಿ ಶಿರಸ್ತೇದಾರರಾಗಿ ನಿವೃತ್ತರಾಗಿದ್ದಾರೆ. ಬಂಧುಗಳಲ್ಲಿ ಕೋರ್ಟಿನ ಮೆಟ್ಟಿಲು ಹತ್ತದ ಮನೆತನವೇ ಅಪರೂಪ. ಆದ್ದರಿಂದ ಈ ಮಾತು ನಿಮಗೆ ದೂರದ್ದಲ್ಲ. ‘ಗೆದ್ದವನು ಸೋತ, ಸೋತವನು ಸತ್ತ’ ಎಂಬ ಗಾದೆಯನ್ನು ನಮ್ಮ ಹಿರಿಯರು ಸುಮ್ಮನೆ ಕಟ್ಟಲಿಲ್ಲ.

ಮೊದಲು ಮೇಲ್ಮನವಿಯೊಂದು ನಡೆಯುವ ದಾರಿಯನ್ನು ನೋಡೋಣ. ದಾವೆಯಲ್ಲಿ ಸೋತವನು ಜಿಲ್ಲಾ ಮಟ್ಟದ ನ್ಯಾಯಾಲಯಕ್ಕೆ ಮೇಲ್ಮನವಿ ಸಲ್ಲಿಸಲು ಕಾನೂನು 30 ದಿನಗಳ ಅವಧಿ ಕೊಡುತ್ತದೆ; ಉಚ್ಚ ನ್ಯಾಯಾಲಯಕ್ಕಾದರೆ 90 ದಿನ. ಆದರೆ ಹಾಗೆ ಸಲ್ಲಿಸಿದ ಮೇಲ್ಮನವಿಯನ್ನು ಇಷ್ಟು ದಿನಗಳಲ್ಲಿ ತೀರ್ಮಾನಿಸಲೇಬೇಕೆಂಬ ಗಡುವು 1908ರ ಸಿವಿಲ್ ಪ್ರಕ್ರಿಯಾ ಸಂಹಿತೆಯಲ್ಲಿಲ್ಲ. ಬಾಗಿಲಿಗೆ ಬರುವವನಿಗೆ ದಿನಗಳ ಎಣಿಕೆ. ಒಳಗೆ ಕುಳಿತವನಿಗೆ ಎಣಿಕೆಯಿಲ್ಲ.

ಮೇಲ್ಮನವಿ ದಾಖಲಾದ ಮೇಲೆ ಎದುರುಗಾರರಿಗೆ ನೋಟಿಸು ಹೋಗಬೇಕು. ಪಾಲು ವಿಭಾಗದ ದಾವೆಯಾದರೆ ಎದುರುಗಾರರು ಹತ್ತೋ ಹನ್ನೆರಡೋ ಜನ. ಒಬ್ಬರು ಪುಣೆಯಲ್ಲಿ, ಇನ್ನೊಬ್ಬರು ದುಬೈಯಲ್ಲಿ. ‘ಮನೆಗೆ ಬೀಗ ಹಾಕಿದೆ’ ಎಂಬ ಷರಾದೊಂದಿಗೆ ನೋಟಿಸು ಹಿಂದಿರುಗುತ್ತದೆ. ಕೆಳಗಿನ ನ್ಯಾಯಾಲಯದ ದಾಖಲೆಗಳನ್ನು ತರಿಸಬೇಕು. ಅಷ್ಟರಲ್ಲಿ ಪಕ್ಷಗಾರರಲ್ಲೊಬ್ಬರು ತೀರಿಕೊಳ್ಳುತ್ತಾರೆ. ಅವರ ವಾರಸುದಾರರನ್ನು 90 ದಿನಗಳೊಳಗೆ ದಾಖಲೆಗೆ ತರದಿದ್ದರೆ ಆ ಮಟ್ಟಿಗೆ ಮೇಲ್ಮನವಿ ಬಿದ್ದುಹೋಗುತ್ತದೆ. ಬಿದ್ದುದನ್ನು ಎತ್ತಿ ನಿಲ್ಲಿಸಲು ಬೇರೊಂದು ಅರ್ಜಿ, ಅದಕ್ಕೆ ಬೇರೊಂದು ತಕರಾರು. ಹೊಸ ಸಾಕ್ಷ್ಯ ಹಾಜರುಪಡಿಸಲು 41ನೆಯ ಆದೇಶದ 27ನೆಯ ನಿಯಮದಡಿ ಇನ್ನೊಂದು ಅರ್ಜಿ. ವಾದ ಕೇಳಿದ ನ್ಯಾಯಾಧೀಶರು ತೀರ್ಪು ಬರೆಯುವ ಮೊದಲೇ ವರ್ಗವಾದರೆ ಹೊಸಬರ ಮುಂದೆ ಮತ್ತೆ ಮೊದಲಿನಿಂದ ವಾದ. ಇಷ್ಟಾಗಿ ಪ್ರಕರಣವನ್ನು ಕೆಳಗಿನ ನ್ಯಾಯಾಲಯಕ್ಕೇ ಮರುವಿಚಾರಣೆಗೆ ಹಿಂದಿರುಗಿಸಿದರೆ, ಏಣಿಯಾಟದಲ್ಲಿ ಹಾವಿನ ಬಾಯಿಗೆ ಬಿದ್ದ ಕಾಯಿಯಂತೆ ಮೊಕದ್ದಮೆ ಮೊದಲ ಮನೆಗೇ ಬರುತ್ತದೆ.

ಇದು ಹೊಸ ದುಃಖವೇನೂ ಅಲ್ಲ. 1924ರಲ್ಲಿಯೇ ಸಿವಿಲ್ ನ್ಯಾಯದ ವಿಳಂಬವನ್ನು ಪರಿಶೀಲಿಸಲು ಬ್ರಿಟಿಷ್ ಸರ್ಕಾರ ರ‍್ಯಾಂಕಿನ್ ಸಮಿತಿಯನ್ನು ನೇಮಿಸಿತ್ತು. ಸ್ವಾತಂತ್ರ್ಯಾನಂತರ ಕಾನೂನು ಆಯೋಗವು ತನ್ನ 77ನೆಯ ವರದಿಯನ್ನು ವಿಚಾರಣಾ ನ್ಯಾಯಾಲಯಗಳ ವಿಳಂಬಕ್ಕೂ, 79ನೆಯ ವರದಿಯನ್ನು ಮೇಲ್ಮನವಿ ನ್ಯಾಯಾಲಯಗಳ ವಿಳಂಬಕ್ಕೂ ಮೀಸಲಿರಿಸಿತು. ಡಿಕ್ರಿ ಕೈಗೆ ಬಂದ ಮೇಲೆಯೇ ಭಾರತದ ಕಕ್ಷಿದಾರನ ಕಷ್ಟಗಳು ಆರಂಭವಾಗುತ್ತವೆಂದು ಲಂಡನ್ನಿನ ಪ್ರಿವಿ ಕೌನ್ಸಿಲ್ ಹೇಳಿದ್ದು 1872ರಲ್ಲಿ. ಒಂದೂವರೆ ಶತಮಾನದಿಂದ ಎಲ್ಲರಿಗೂ ರೋಗ ಗೊತ್ತು; ಎಲ್ಲರೂ ನಾಡಿ ಹಿಡಿದು ನೋಡಿದ್ದಾರೆ.

ಇತ್ತೀಚಿನ ವರ್ಷಗಳಲ್ಲಿ ಸರ್ವೋಚ್ಚ ನ್ಯಾಯಾಲಯ ಹಿಡಿದ ದಾರಿ ಗಡುವಿನದು. 2018ರಲ್ಲಿ, ಸಿವಿಲ್ ಮತ್ತು ಕ್ರಿಮಿನಲ್ ವಿಚಾರಣೆಗಳಿಗೆ ಕೊಟ್ಟ ತಡೆಯಾಜ್ಞೆಯು ಕಾರಣಸಹಿತವಾಗಿ ವಿಸ್ತರಣೆಯಾಗದಿದ್ದರೆ ಆರು ತಿಂಗಳಿಗೆ ತಾನಾಗಿಯೇ ರದ್ದಾಗುವುದೆಂದು ಹೇಳಿತು. 2020ರ ಆಗಸ್ಟ್ 11ರಂದು ವಿನೀತಾ ಶರ್ಮಾ ಪ್ರಕರಣದಲ್ಲಿ ಹೆಣ್ಣುಮಕ್ಕಳಿಗೆ ಹುಟ್ಟಿನಿಂದಲೇ ಪಿತ್ರಾರ್ಜಿತ ಆಸ್ತಿಯಲ್ಲಿ ಸಮಾನ ಹಕ್ಕುಂಟೆಂದು ಸಾರಿ, ಆ ವಿಷಯವಾಗಿ ಬಾಕಿಯಿರುವ ದಾವೆ, ಮೇಲ್ಮನವಿಗಳನ್ನು ಸಾಧ್ಯವಾದಷ್ಟು ಮಟ್ಟಿಗೆ ಆರು ತಿಂಗಳೊಳಗೆ ತೀರ್ಮಾನಿಸುವಂತೆ ಎಲ್ಲ ನ್ಯಾಯಾಲಯಗಳನ್ನು ಕೇಳಿಕೊಂಡಿತು. 2021ರಲ್ಲಿ ಡಿಕ್ರಿ ಜಾರಿ ಅರ್ಜಿಗಳಿಗೂ ಆರು ತಿಂಗಳ ಗಡುವು ಹಾಕಿತು. ಆ ಪ್ರಕರಣ ಹೊರಟದ್ದು ನಮ್ಮ ಕರ್ನಾಟಕದಿಂದಲೇ. 2023ರ ಅಕ್ಟೋಬರಿನಲ್ಲಿ, 1982ರ ದಾವೆಯೊಂದರಲ್ಲಿ ಮೃತ ವಾದಿಯ ವಾರಸುದಾರರು ಯಾರೆಂಬ ಪ್ರಶ್ನೆಯೇ 41 ವರ್ಷಗಳ ಬಳಿಕವೂ ಬಗೆಹರಿಯದಿರುವುದನ್ನು ಕಂಡು ಖೇದಗೊಂಡು, ಐದು ವರ್ಷ ಮೀರಿದ ಮೊಕದ್ದಮೆಗಳ ಮೇಲೆ ನಿಗಾ ಇಡಬೇಕೆಂದು ಉಚ್ಚ ನ್ಯಾಯಾಲಯಗಳಿಗೆ ನಿರ್ದೇಶನ ಕೊಟ್ಟಿತು.

ಫಲವೇನು? ಜಾರಿ ಅರ್ಜಿಗಳ ಉದಾಹರಣೆಯನ್ನೇ ತೆಗೆದುಕೊಳ್ಳಿ. ಅಂಕಿಸಂಖ್ಯೆ ಕೊಡಿರೆಂದು 2025ರ ಮಾರ್ಚಿನಲ್ಲಿ ಸರ್ವೋಚ್ಚ ನ್ಯಾಯಾಲಯ ಎಲ್ಲ ಉಚ್ಚ ನ್ಯಾಯಾಲಯಗಳನ್ನು ಕೇಳಿತು. ಅದೇ ವರ್ಷದ ಅಕ್ಟೋಬರಿನಲ್ಲಿ ಲೆಕ್ಕ ಒಪ್ಪಿಸಿದಾಗ ಬಾಕಿ ಉಳಿದ ಅರ್ಜಿಗಳು 8.82 ಲಕ್ಷಕ್ಕೂ ಹೆಚ್ಚು. ಆರು ತಿಂಗಳ ಗಡುವು ಹಾಕಿ ಆಗಲೇ ನಾಲ್ಕು ವರ್ಷ ಸಂದಿತ್ತು. ಕರ್ನಾಟಕದ ವಿಲೇವಾರಿ ಲೆಕ್ಕ ಸಕಾಲಕ್ಕೆ ಬಾರದಿದ್ದುದಕ್ಕೆ ನ್ಯಾಯಪೀಠ ಅಸಮಾಧಾನವನ್ನೂ ಸೂಚಿಸಿತು. ಆಜ್ಞೆಯಿಂದಲೇ ಕಾಲ ಸೃಷ್ಟಿಯಾಗುವಂತಿದ್ದರೆ ಈ ರಾಶಿ ಎಂದೋ ಕರಗಬೇಕಾಗಿತ್ತು.

ಶಾಲಾ ಮೇಷ್ಟರಾದ ನಮಗೆ ಇದು ಚೆನ್ನಾಗಿ ತಿಳಿದ ವಿಷಯ. ಎಸ್ಸೆಸ್ಸೆಲ್ಸಿ ಮೌಲ್ಯಮಾಪನ ಕೇಂದ್ರದಲ್ಲಿ ಒಬ್ಬ ಪರೀಕ್ಷಕ ದಿನಕ್ಕೆ ಇಷ್ಟೇ ಉತ್ತರಪತ್ರಿಕೆಗಳನ್ನು ತಿದ್ದಬಲ್ಲ. ಮೇಲಿನಿಂದ ಬಂದ ಅಧಿಕಾರಿ ‘ಈ ಕಟ್ಟನ್ನು ಇಂದೇ ಮುಗಿಸಿ’ ಎಂದರೆ ಆ ಕಟ್ಟು ಮುಗಿಯುತ್ತದೆ, ನಿಜ. ಆದರೆ ಇಂದು ಮುಗಿಯಬೇಕಾಗಿದ್ದ ಬೇರೊಂದು ಕಟ್ಟು ಮೇಜಿನ ಕೆಳಗೆ ಸರಿಯುತ್ತದೆ. ಸಂಜೆ ಲೆಕ್ಕ ಹಾಕಿದರೆ ತಿದ್ದಿದ ಪತ್ರಿಕೆಗಳ ಒಟ್ಟು ಸಂಖ್ಯೆ ಒಂದೂ ಹೆಚ್ಚಾಗಿರುವುದಿಲ್ಲ. ಹೆಚ್ಚಾಗಬೇಕಾದರೆ ಇನ್ನಷ್ಟು ಪರೀಕ್ಷಕರು ಬೇಕು. ಇಲ್ಲವೇ ತಿದ್ದುವ ವೇಳೆಯಲ್ಲಿ ಪೋಲಾಗುವ ಗಂಟೆಗಳನ್ನು ಉಳಿಸಬೇಕು. ಮೂರನೆಯದೊಂದು ದಾರಿಯೂ ಇದೆ: ಓದದೆಯೇ ಅಂಕ ಹಾಕುವುದು. ಅದರ ವಿಚಾರ ಮುಂದೆ ಬರುತ್ತದೆ.

ಈ ಆಜ್ಞೆಗಳಲ್ಲಿ ನನಗೆ ಕಾಣುವ ದೋಷಗಳು ಮೂರು.

ಮೊದಲನೆಯದು, ಸರದಿಯ ಭಂಗ. 2010ರಲ್ಲಿ ದಾಖಲಾದ ಮೇಲ್ಮನವಿಯನ್ನು ಬದಿಗಿಟ್ಟು 2017ರದನ್ನು ಮೊದಲು ಕೇಳಬೇಕಾದ ಸ್ಥಿತಿಯನ್ನು ಇಂಥ ಆದೇಶ ನಿರ್ಮಿಸುತ್ತದೆ. 2010ರವನು ಮಾಡಿದ ತಪ್ಪಾದರೂ ಏನು? ಅವನು ಉಚ್ಚ ನ್ಯಾಯಾಲಯಕ್ಕೆ ಹೋಗಲಿಲ್ಲ, ಅಷ್ಟೆ.

ಎರಡನೆಯದು, ಸರದಿ ಮುರಿಯುವ ಶಕ್ತಿ ಯಾರಿಗಿದೆ ಎಂಬುದು. ತಾನಾಗಿಯೇ ಯಾವ ಉಚ್ಚ ನ್ಯಾಯಾಲಯವೂ ತಾಲ್ಲೂಕಿನ ಒಂದು ಕಡತವನ್ನು ಹುಡುಕಿಕೊಂಡು ಬರುವುದಿಲ್ಲ. ಸಂವಿಧಾನದ 227ನೆಯ ವಿಧಿಯ ಕೆಳಗೆ ಯಾರಾದರೂ ಅರ್ಜಿ ಹಾಕಿದಾಗ, ಅಥವಾ ಮಧ್ಯಂತರ ಆದೇಶವೊಂದರ ಮೇಲೆ ಯಾರಾದರೂ ಅಲ್ಲಿಗೆ ಹೋದಾಗ ಈ ಕೊನೆಯ ಕಂಡಿಕೆ ಹುಟ್ಟುತ್ತದೆ. ಅದಕ್ಕೆ ಪಟ್ಟಣದ ವಕೀಲರು ಬೇಕು, ಫೀಜು ಬೇಕು, ತಿಳಿದವರೊಬ್ಬರ ಆಸರೆ ಬೇಕು. ಧಾರವಾಡ ಮತ್ತು ಕಲಬುರಗಿಗಳಲ್ಲಿ 2008ರಲ್ಲಿ ಸಂಚಾರಿ ಪೀಠಗಳೂ 2013ರಲ್ಲಿ ಕಾಯಂ ಪೀಠಗಳೂ ಆದುದರಿಂದ ಉತ್ತರ ಕರ್ನಾಟಕದವರಿಗೆ ಬೆಂಗಳೂರಿನ ದೂರ ತಪ್ಪಿತು, ಖರ್ಚು ತಪ್ಪಲಿಲ್ಲ.

ಮೂರನೆಯದು, ಅವಸರದ ತೀರ್ಪು. ಮೊದಲ ಮೇಲ್ಮನವಿಯ ನ್ಯಾಯಾಲಯವು ಸಂಗತಿಗಳ ಮಟ್ಟಿಗೆ ಬಹುತೇಕ ಕೊನೆಯ ನ್ಯಾಯಾಲಯ. ದ್ವಿತೀಯ ಮೇಲ್ಮನವಿಯಲ್ಲಿ 100ನೆಯ ಕಲಮಿನಂತೆ ಗಣನೀಯವಾದ ಕಾನೂನಿನ ಪ್ರಶ್ನೆಗಷ್ಟೇ ಅವಕಾಶ. ಆದ್ದರಿಂದಲೇ ಮೊದಲ ಮೇಲ್ಮನವಿಯ ತೀರ್ಪಿನಲ್ಲಿ ವಿಚಾರಾಂಶಗಳು, ಅವುಗಳ ಮೇಲಿನ ನಿರ್ಣಯ ಮತ್ತು ಕಾರಣಗಳು ಇರಬೇಕೆಂದು 41ನೆಯ ಆದೇಶದ 31ನೆಯ ನಿಯಮ ವಿಧಿಸುತ್ತದೆ. ಗಡುವಿನ ಕತ್ತಿ ತಲೆಯ ಮೇಲೆ ತೂಗುವಾಗ ‘ಕೆಳಗಿನ ನ್ಯಾಯಾಲಯದ ತೀರ್ಪು ಸರಿಯಾಗಿದೆ’ ಎಂದು ನಾಲ್ಕು ಪುಟಗಳಲ್ಲಿ ಮುಗಿಸುವ ಆಸೆ ಯಾರಿಗೂ ಆದೀತು. ಓದದೆ ಅಂಕ ಹಾಕುವುದೆಂದು ನಾನು ಹೇಳಿದ್ದು ಇದನ್ನೇ. ಅಂಥ ತೀರ್ಪು ಮೇಲೆ ಹೋಗಿ, ಕಾರಣಗಳಿಲ್ಲವೆಂದು ರದ್ದಾಗಿ, ಮರಳಿ ಕೆಳಗೆ ಬಂದರೆ ಉಳಿತಾಯವಾದ ಆರು ತಿಂಗಳ ಬದಲಿಗೆ ಆರು ವರ್ಷ ತೆರಬೇಕಾಗುತ್ತದೆ.

ನಮ್ಮ ಬಂಧುವರ್ಗದಲ್ಲಿಯೇ ನಡೆದುದನ್ನು ಇಲ್ಲಿ ಹೇಳಬೇಕು. ವರಸೆಯಲ್ಲಿ ನನಗೆ ಅಕ್ಕನಾಗಬೇಕಾದ ಹಿರಿಯರೊಬ್ಬರು ತಂದೆಯ ಹೊಲದಲ್ಲಿ ತಮ್ಮ ಪಾಲಿಗಾಗಿ ದಾವೆ ಹೂಡಿ, ಒಂಬತ್ತು ವರ್ಷ ನಡೆದಾಡಿ, ಗೆದ್ದರು. ಎದುರಿನವರು ಮೇಲ್ಮನವಿ ಹೋಗಿ ತಡೆಯಾಜ್ಞೆ ತಂದರು. ಏಳು ವರ್ಷ ಕಳೆದರೂ ವಾದ ಆರಂಭವಾಗಲಿಲ್ಲ. ಆಗ ಯಾರೋ ಹೇಳಿದ್ದರಿಂದ ಕಿವಿಯೊಳಗಿನ ಬುಗುಡಿ ಮಾರಿ ಉಚ್ಚ ನ್ಯಾಯಾಲಯಕ್ಕೆ ಅರ್ಜಿ ಹಾಕಿಸಿ, ಆರು ತಿಂಗಳ ಆದೇಶ ತಂದರು. ನಾಲ್ಕನೆಯ ತಿಂಗಳಲ್ಲಿ ನ್ಯಾಯಾಧೀಶರಿಗೆ ವರ್ಗವಾಯಿತು. ಮೂರು ತಿಂಗಳು ಕುರ್ಚಿ ಖಾಲಿ. ಹೊಸಬರು ಬಂದು, ಹೆಚ್ಚಿನ ಕಾಲಾವಕಾಶ ಕೋರಿ ಮೇಲೆ ಪತ್ರ ಬರೆದರು, ಕಾಲಾವಕಾಶ ಸಿಕ್ಕಿತು. ಅಕ್ಕನಿಗೆ ಈಗ 81 ವರ್ಷ. ಆದೇಶ ಬಂದ ದಿನವೇ ಅವರು ನನ್ನನ್ನು ಕೇಳಿದ ಪ್ರಶ್ನೆ ಇದು: “ಅಲ್ಲೋ ತಮ್ಮಾ, ಹೈಕೋರ್ಟಿಗೆ ಹೋಗಿ ಅರ್ಜಿ ಕೊಟ್ಟಾವ್ರದಷ್ಟ ಲಗೂ ಆಗೂದಾದ್ರ, ಹೋಗಲಾರದಾವ್ರದು ಯಾವಾಗ ಆಗೂದು?” ನಾಲ್ಕನೆಯ ಇಯತ್ತೆಗೆ ಶಾಲೆ ಬಿಟ್ಟ ಹೆಣ್ಣುಮಗಳ ಪ್ರಶ್ನೆಯಿದು.

ಸರ್ವೋಚ್ಚ ನ್ಯಾಯಾಲಯದ ಐವರು ನ್ಯಾಯಮೂರ್ತಿಗಳ ಸಂವಿಧಾನ ಪೀಠವೂ ಬಹುಮಟ್ಟಿಗೆ ಇದೇ ನಿಲುವಿಗೆ ಬಂದಿತು. 2024ರ ಫೆಬ್ರುವರಿ 29ರಂದು, 2018ರ ತೀರ್ಪಿನ ತಾನೇ ರದ್ದಾಗುವ ತಡೆಯಾಜ್ಞೆಯ ನಿಯಮವನ್ನು ತೊಡೆದುಹಾಕುತ್ತ, ಬೇರೆ ನ್ಯಾಯಾಲಯಗಳಲ್ಲಿ ಬಾಕಿಯಿರುವ ಪ್ರಕರಣಗಳಿಗೆ ಸಾಂವಿಧಾನಿಕ ನ್ಯಾಯಾಲಯಗಳು ಸಾಮಾನ್ಯವಾಗಿ ಕಾಲಮಿತಿ ವಿಧಿಸಬಾರದೆಂದು ಅದು ಹೇಳಿತು. ಯಾವುದನ್ನು ಮೊದಲು ಕೇಳಬೇಕೆಂಬುದು ಆಯಾ ನ್ಯಾಯಾಲಯದಲ್ಲಿ ಕುಳಿತವರಿಗೇ ಚೆನ್ನಾಗಿ ತಿಳಿದಿರುತ್ತದೆ. ಅಸಾಧಾರಣ ಸಂದರ್ಭಗಳಲ್ಲಿ ಮಾತ್ರ ಅಂಥ ನಿರ್ದೇಶನ ಸಲ್ಲುತ್ತದೆ ಎಂಬುದು ಪೀಠದ ಅಭಿಪ್ರಾಯ. ಇಷ್ಟು ಸ್ಪಷ್ಟವಾದ ತೀರ್ಪಿನ ಬಳಿಕವೂ ‘ಆರು ತಿಂಗಳೊಳಗೆ’ ಎಂಬ ಕಂಡಿಕೆ ನಿಂತಿಲ್ಲ. ಅಸಾಧಾರಣವೆಂಬುದು ದಿನನಿತ್ಯದ ಮಾತಾದರೆ ಅದು ಅಸಾಧಾರಣವಾಗಿ ಉಳಿಯುವುದು ಹೇಗೆ?

‘ಗುರುಗಳೇ, ನೂರರಲ್ಲಿ ಒಬ್ಬರಿಗಾದರೂ ಬೇಗ ನ್ಯಾಯ ಸಿಗಲಿ ಬಿಡಿ’ ಎಂದು ವಕೀಲರಾದ ನನ್ನ ಶಿಷ್ಯರೊಬ್ಬರು ವಾದಿಸಿದರು. ಆ ಮಾತಿನಲ್ಲಿ ಕರುಣೆಯಿದೆ, ಅಲ್ಲಗಳೆಯಲಾರೆ. ಮರಣಶಯ್ಯೆಯಲ್ಲಿರುವವರು, ಮನೆಯಿಂದ ಹೊರದೂಡಲ್ಪಟ್ಟ ವಿಧವೆ, ಅಂಗವಿಕಲ ಮಗು, ಇಂಥವರ ಪ್ರಕರಣ ಸರದಿ ಮೀರಿ ಬರಲೇಬೇಕು. ನನ್ನ ತಕರಾರು ಸರದಿ ಮೀರುವುದಕ್ಕಲ್ಲ. ಆ ಹಕ್ಕನ್ನು ಅರ್ಜಿ ಹಾಕುವ ಶಕ್ತಿಗೆ ಕಟ್ಟಿಹಾಕಿರುವುದಕ್ಕೆ. 75 ದಾಟಿದವರ ಮೇಲ್ಮನವಿ ಮೊದಲು ಎಂಬುದು ನಿಯಮವಾದರೆ ಅದು ಅರ್ಜಿ ಹಾಕದ ಅಕ್ಕನಿಗೂ ಸಲ್ಲುತ್ತದೆ. ಆದೇಶವಾದರೆ ಅದು ಅರ್ಜಿದಾರನೊಬ್ಬನ ಸೊತ್ತು.

ಇನ್ನು ವಿಳಂಬದ ಹೊಣೆ ಯಾರದು? ತಾಲ್ಲೂಕಿನ ನ್ಯಾಯಾಧೀಶರ ಮೇಲೆ ಎಲ್ಲವನ್ನೂ ಹೊರಿಸುವುದು ಅನ್ಯಾಯ. ಹತ್ತು ಲಕ್ಷ ಜನಸಂಖ್ಯೆಗೆ 50 ನ್ಯಾಯಾಧೀಶರಿರಬೇಕೆಂದು ಕಾನೂನು ಆಯೋಗವು 1987ರ ತನ್ನ 120ನೆಯ ವರದಿಯಲ್ಲಿ ಹೇಳಿತು. ಐದು ವರ್ಷಗಳಲ್ಲಿ ಆ ಸಂಖ್ಯೆಯನ್ನು ಮುಟ್ಟಬೇಕೆಂದು ಸರ್ವೋಚ್ಚ ನ್ಯಾಯಾಲಯವು 2002ರಲ್ಲಿ ನಿರ್ದೇಶಿಸಿತು. ಇಂದು ಮಂಜೂರಾದ ಹುದ್ದೆಗಳನ್ನೆಲ್ಲ ಲೆಕ್ಕ ಹಿಡಿದರೂ ಅದು ಸುಮಾರು 21ರ ಆಸುಪಾಸಿನಲ್ಲಿದೆ. ಖಾಲಿ ಕುರ್ಚಿಗಳನ್ನು ಕಳೆದರೆ ಇನ್ನೂ ಕಡಮೆ. ಜಿಲ್ಲಾ ಮತ್ತು ತಾಲ್ಲೂಕು ನ್ಯಾಯಾಲಯಗಳಲ್ಲಿ ಸಿವಿಲ್ ಪ್ರಕರಣಗಳೇ ಒಂದು ಕೋಟಿಗೂ ಮೀರಿ ಬಾಕಿಯಿವೆ. ಐವರು ಶಿಕ್ಷಕರಿರಬೇಕಾದ ಶಾಲೆಗೆ ಇಬ್ಬರನ್ನು ಕೊಟ್ಟು, ಫಲಿತಾಂಶ ಕಡಮೆಯಾಯಿತೆಂದು ಆ ಇಬ್ಬರಿಗೆ ನೋಟಿಸು ಕೊಡುವ ರೀತಿಯಿದು.

ಸರ್ಕಾರದ ಪಾಲೂ ಸಣ್ಣದಲ್ಲ. ಈ ದೇಶದ ಅತಿದೊಡ್ಡ ಕಕ್ಷಿದಾರನೆಂದರೆ ಸರ್ಕಾರವೇ. ಕೃಷ್ಣಾ ಮೇಲ್ದಂಡೆಯಂಥ ಯೋಜನೆಗಳಿಗೆ ನೆಲ ಬಿಟ್ಟುಕೊಟ್ಟ ರೈತರು ಹೆಚ್ಚಿನ ಪರಿಹಾರಕ್ಕಾಗಿ ಹೂಡಿದ ಮೊಕದ್ದಮೆಗಳು ಸಾವಿರಾರು. ಅನಗತ್ಯ ಮೇಲ್ಮನವಿಗಳನ್ನು ತಡೆಯಲೆಂದು ಕರ್ನಾಟಕ ಸರ್ಕಾರವು 2011ರಲ್ಲಿ ವ್ಯಾಜ್ಯ ನೀತಿಯನ್ನೇನೋ ಪ್ರಕಟಿಸಿತು. ಆದರೂ, ‘ಮೇಲ್ಮನವಿ ಹೋಗದಿದ್ದರೆ ನಾಳೆ ನನ್ನನ್ನು ಕೇಳುತ್ತಾರೆ’ ಎಂದು ಹೆದರುವ ಅಧಿಕಾರಿ ಸಹಿ ಹಾಕುವುದೇ ಕ್ಷೇಮವೆಂದು ಎಣಿಸುತ್ತಾನೆ.

ವಕೀಲರಾದ ನನ್ನ ಶಿಷ್ಯರು ಮುನಿಸಿಕೊಳ್ಳಬಾರದು. 1999 ಮತ್ತು 2002ರ ತಿದ್ದುಪಡಿಗಳು, ದಾವೆಯ ವಿಚಾರಣೆಯಲ್ಲಿ ಒಬ್ಬ ಪಕ್ಷಗಾರನಿಗೆ ಮೂರಕ್ಕಿಂತ ಹೆಚ್ಚು ವಾಯಿದೆ ಕೊಡಬಾರದೆಂದು ಹೇಳಿದವು. ಕೈಮೀರಿದ ಸಂದರ್ಭಗಳಿಗೆ ವಿನಾಯಿತಿ ಉಂಟೆಂದು 2005ರಲ್ಲಿ ಸರ್ವೋಚ್ಚ ನ್ಯಾಯಾಲಯ ವ್ಯಾಖ್ಯಾನಿಸಿತು. ಆ ವಿನಾಯಿತಿಯ ಕಿಂಡಿಯಿಂದ ಇಂದು ಆನೆಯೇ ನುಸುಳುತ್ತಿದೆ. ವಕೀಲರಿಗೆ ಮುಷ್ಕರ ಹೂಡುವ ಹಕ್ಕಿಲ್ಲವೆಂದು 2002ರಲ್ಲಿ ತೀರ್ಪಾಗಿದ್ದರೂ ಕಲಾಪ ಬಹಿಷ್ಕಾರಗಳು ನಡೆದೇ ಇವೆ. ಸುಳ್ಳು ಅಥವಾ ಕಿರುಕುಳದ ವಾದ ಹೂಡಿದವನ ಮೇಲೆ 35-ಎ ಕಲಮಿನಂತೆ ಹೇರಬಹುದಾದ ಪರಿಹಾರ ವೆಚ್ಚದ ಮಿತಿ ಇಂದಿಗೂ 3,000 ರೂಪಾಯಿ. ಅದು 1976ರ ತಿದ್ದುಪಡಿಯ ಮೊತ್ತ. ಕೋಟಿ ಬೆಲೆಯ ನೆಲವನ್ನು ಇಪ್ಪತ್ತು ವರ್ಷ ಅನುಭವಿಸುವವನಿಗೆ ಮೂರು ಸಾವಿರದ ಭಯವೇ?

ಇನ್ನೊಂದು ತಾರತಮ್ಯ ನನ್ನನ್ನು ಹೆಚ್ಚಾಗಿ ಕಾಡುತ್ತದೆ. 2015ರ ವಾಣಿಜ್ಯ ನ್ಯಾಯಾಲಯಗಳ ಕಾಯ್ದೆಯಲ್ಲಿ, ಮೇಲ್ಮನವಿಯನ್ನು ಸಲ್ಲಿಸಿದ ಆರು ತಿಂಗಳೊಳಗೆ ತೀರ್ಮಾನಿಸಲು ಪ್ರಯತ್ನಿಸತಕ್ಕದ್ದೆಂದು ಸಂಸತ್ತೇ ಬರೆದಿದೆ. ಅಂದರೆ ವ್ಯಾಪಾರಿಯ ಕಾಲಕ್ಕೆ ಬೆಲೆಯುಂಟೆಂದು ಶಾಸನ ಒಪ್ಪಿಕೊಂಡಿತು. ಬೇಸಾಯಗಾರನ, ತವರಿನ ಪಾಲು ಕೇಳುವ ಹೆಣ್ಣಿನ, ಬಾಡಿಗೆಗೆ ಕೊಟ್ಟ ಒಂದೇ ಮನೆಯನ್ನು ಮರಳಿ ಪಡೆಯಲಾಗದ ನಿವೃತ್ತನ ಕಾಲಕ್ಕೆ ಅದೇ ಮಾತನ್ನು ಏಕೆ ಬರೆಯಲಿಲ್ಲ? ಹೆಣ್ಣುಮಕ್ಕಳ ಹಕ್ಕಿನ ಪ್ರಶ್ನೆಯನ್ನೇ ನೋಡಿ: 2020ಕ್ಕೆ ಮುನ್ನ ಗೊಂದಲಕ್ಕೆ ಕಾರಣವಾದ 2015 ಮತ್ತು 2018ರ ತೀರ್ಪುಗಳೆರಡೂ ಕರ್ನಾಟಕದ ದಾವೆಗಳಿಂದ ಹುಟ್ಟಿದಂಥವು. ಒಂದು 1992ರ ದಾವೆ, ಇನ್ನೊಂದು 2002ರದು. ಒಂದಕ್ಕೆ 23 ವರ್ಷ, ಇನ್ನೊಂದಕ್ಕೆ 16 ವರ್ಷ ಹಿಡಿಯಿತು. ಇಷ್ಟು ಕಾಲ ಕಾದವರಿಗೆ ಹಕ್ಕು ಹುಟ್ಟಿನಿಂದ ಬಂತೆಂದು ಹೇಳಿದರೆ, ಅದು ಸಾವಿನೊಳಗೆ ಕೈಸೇರುವುದೇ ಎಂದು ಅವರು ಕೇಳಿಯಾರು.

ಹಾಗಾದರೆ ಮಾಡಬೇಕಾದುದೇನು? ನಾನು ಕಾನೂನು ಪಂಡಿತನಲ್ಲ; ಆದರೂ ಜನಸಾಮಾನ್ಯನಾಗಿ ಕೇಳಬಹುದಾದ ಐದು ಸಂಗತಿಗಳಿವೆ.

1. ಪ್ರತಿಯೊಂದು ಮೇಲ್ಮನವಿ ನ್ಯಾಯಾಲಯವೂ ತನ್ನ ಬಾಕಿ ಪ್ರಕರಣಗಳನ್ನು ದಾಖಲಾದ ವರ್ಷದ ಕ್ರಮದಲ್ಲಿ ಪಟ್ಟಿಮಾಡಿ, ಸೂಚನಾ ಫಲಕದ ಮೇಲೆ ಕನ್ನಡದಲ್ಲಿ ಅಂಟಿಸಲಿ. ತನ್ನ ಸರದಿ ಎಷ್ಟನೆಯದೆಂದು ಕಕ್ಷಿದಾರನಿಗೆ ತಿಳಿಯಲಿ.

2. ಸರದಿ ಮೀರುವ ವರ್ಗಗಳನ್ನು (ವೃದ್ಧರು, ಅಂಗವಿಕಲರು, ಜೀವನಾಂಶದ ಪ್ರಕರಣಗಳು) ಉಚ್ಚ ನ್ಯಾಯಾಲಯವು ನಿಯಮದ ಮೂಲಕ ಒಮ್ಮೆಗೇ ಗೊತ್ತುಪಡಿಸಲಿ. ಅದಕ್ಕಾಗಿ ಯಾರೂ ಬೇರೆ ಅರ್ಜಿ ಹಾಕುವಂತಾಗಬಾರದು.

3. ನ್ಯಾಯಾಧೀಶರ ವರ್ಗಾವಣೆ, ನಿವೃತ್ತಿಗಳ ದಿನ ಮೊದಲೇ ತಿಳಿದಿರುತ್ತದೆ. ನೇಮಕಾತಿಗೆ ವೇಳಾಪಟ್ಟಿಯನ್ನು ಸರ್ವೋಚ್ಚ ನ್ಯಾಯಾಲಯವೇ 2007ರಲ್ಲಿ ಹಾಕಿಕೊಟ್ಟಿದೆ. ಕುರ್ಚಿ ಒಂದು ದಿನವೂ ಖಾಲಿ ಬೀಳದಂತೆ ನೋಡಿಕೊಳ್ಳಲಿ.

4. ವಾಯಿದೆಗೆ ತಕ್ಕ ಖರ್ಚನ್ನು ಅಂದೇ ಎದುರುಗಾರನ ಕೈಗೆ ಕೊಡಿಸಲಿ. ಊರಿನಿಂದ ಬಂದ ಮುದುಕಿಯ ಬಸ್ಸಿನ ದರ, ಊಟ, ಒಂದು ದಿನದ ಕೂಲಿಯಾದರೂ ಅದರಲ್ಲಿರಲಿ. 35-ಎ ಕಲಮಿನ ಮೂರು ಸಾವಿರದ ಮಿತಿಯನ್ನು ಸಂಸತ್ತು ತೆಗೆದುಹಾಕಲಿ.

5. ಕೆಳಗಿನವರಿಗೆ ಗಡುವು ಹಾಕುವ ಉಚ್ಚ ನ್ಯಾಯಾಲಯವು ತನ್ನಲ್ಲಿಯೇ ಬಾಕಿಯಿರುವ ದ್ವಿತೀಯ ಮೇಲ್ಮನವಿಗಳ ವಯಸ್ಸನ್ನೂ ಪ್ರತಿವರ್ಷ ಇದೇ ರೀತಿ ಪ್ರಕಟಿಸಲಿ. ತಾನು ತಡವಾಗಿ ಬರುವ ಮೇಷ್ಟರು ಮಕ್ಕಳನ್ನು ಬೆಂಚಿನ ಮೇಲೆ ನಿಲ್ಲಿಸುವುದು ಶೋಭಿಸದು.

ಸಂವಿಧಾನದ 235ನೆಯ ವಿಧಿಯು ಅಧೀನ ನ್ಯಾಯಾಲಯಗಳ ಮೇಲಿನ ನಿಯಂತ್ರಣವನ್ನು ಉಚ್ಚ ನ್ಯಾಯಾಲಯಕ್ಕೆ ಒಪ್ಪಿಸಿದೆ. ಆ ನಿಯಂತ್ರಣವೆಂದರೆ ಒಂದೊಂದೇ ಕಡತದ ಬೆನ್ನ ಮೇಲೆ ಚಾವಟಿ ಬೀಸುವುದಲ್ಲ; ಎಲ್ಲ ಕಡತಗಳೂ ನಡೆಯಬಲ್ಲ ರಸ್ತೆಯನ್ನು ಕಟ್ಟುವುದು. ಮನೆಯ ಯಜಮಾನನು ದಿನವೂ ಒಬ್ಬ ಮಗನನ್ನು ಕರೆದು ‘ನೀನು ಮೊದಲು ಉಣ್ಣು’ ಎಂದರೆ ಅನ್ನ ಹೆಚ್ಚುವುದಿಲ್ಲ, ಅಕ್ಕಿ ತರಬೇಕು.

ವಕೀಲರಾಗಿರುವ ನನ್ನ ವಿದ್ಯಾರ್ಥಿಗಳಲ್ಲಿ ಕೊನೆಯದಾಗಿ ಒಂದು ಬಿನ್ನಹ. ಮೇಲೆ ಹೇಳಿದ ಐದರಲ್ಲಿ ನಾಲ್ಕು ನಿಮ್ಮ ಕೈಯಲ್ಲಿಲ್ಲ. ಆದರೆ ವಾಯಿದೆ ಕೇಳದಿರುವುದು ನಿಮ್ಮ ಕೈಯಲ್ಲಿದೆ. ಎದುರಿನ ಬೆಂಚಿನಲ್ಲಿ ಕುಳಿತವರು ಎಪ್ಪತ್ತೈದು ದಾಟಿದವರಾಗಿದ್ದರೆ, ನಿಮ್ಮ ಕಕ್ಷಿದಾರನು ‘ಇನ್ನೊಂದು ತಾರೀಖು ಎಳೆಯಿರಿ ಸಾಹೇಬರೇ’ ಎಂದು ಎಷ್ಟೇ ಒತ್ತಾಯಿಸಿದರೂ, ಅಂದು ಎದ್ದು ನಿಂತು ವಾದಿಸಿರಿ. ಸೋತರೂ ಗೆದ್ದರೂ ಅದು ವಕೀಲಿ. ಎದುರಿನವರು ಸಾಯಲೆಂದು ಕಾಯುವುದು ವಕೀಲಿಯಲ್ಲ.